ದಿನದ ಮಾತುಕತೆಯಿಂದ ಅನಿಮೇಷನ್ ಕಿರುಚಿತ್ರ: ಪದೇ ಪದೇ ಕೇಳುವ ಪ್ರಶ್ನೆಗಳು

ಇದು ಯಾವ ಬಗೆಯ ಸಿನಿಮಾ? ಸ್ವಲ್ಪ ಬಿಡಿಸಿ ಹೇಳಿ.

ಯಾರೋ ಇಬ್ಬರು ಮೂವರು ಸುಮ್ನೆ ಮಾತಾಡುತ್ತಿರುತ್ತಾರೆ. ಮಕ್ಕಳು ಆಟ ಆಡುತ್ತಾ, ವಯಸ್ಸಾದವರು ಟೀ ಕುಡಿಯುತ್ತಾ, ಕೆಲಸದವರು ಊಟದ ಬಿಡುವಿನಲ್ಲಿ. ಆ ಮಾತನ್ನು ರೆಕಾರ್ಡ್ ಮಾಡಿಕೊಂಡು, ಅದರಲ್ಲಿ ಒಂದಷ್ಟನ್ನು ಆರಿಸಿ, ಆ ದನಿಗೆ ತಕ್ಕ ಹಾಗೆ ಚಿತ್ರ ಬರೆದೋ ಗೊಂಬೆ ಆಡಿಸಿಯೋ ಮಾಡುವ ಚಿಕ್ಕ ಸಿನಿಮಾ ಇದು. ಸ್ಕ್ರಿಪ್ಟ್ ಇರುವುದಿಲ್ಲ, ನಟರು ಇರುವುದಿಲ್ಲ. ಹೆಚ್ಚಿನವು ಐದರಿಂದ ಹತ್ತು ನಿಮಿಷದವು. ಕೆಲವು ಎರಡು ನಿಮಿಷಕ್ಕೇ ಮುಗಿಯುತ್ತವೆ.

ಎಲ್ಲಾ ಅನಿಮೇಷನ್‌ನಲ್ಲೂ ದನಿ ಮೊದಲು, ಚಿತ್ರ ಆಮೇಲೆ ಅಲ್ವಾ? ಇದರಲ್ಲಿ ಹೊಸದೇನು?

ಹೌದು, ದೊಡ್ಡ ಸ್ಟುಡಿಯೋಗಳಲ್ಲೂ ದನಿಯನ್ನು ಮೊದಲೇ ರೆಕಾರ್ಡ್ ಮಾಡುತ್ತಾರೆ. ಆದರೆ ಅಲ್ಲಿ ಮಾತು ಮೊದಲೇ ಬರೆದಿರುತ್ತದೆ. ನಟರು ಗಾಜಿನ ಕೋಣೆಯಲ್ಲಿ ನಿಂತು ಓದುತ್ತಾರೆ. ಸರಿ ಬರಲಿಲ್ಲ ಅಂದರೆ ಇನ್ನೊಂದು ಟೇಕ್. ಇಲ್ಲಿ ಇನ್ನೊಂದು ಟೇಕ್ ಅನ್ನುವುದೇ ಇಲ್ಲ. ಒಬ್ಬರು ಮಾತಾಡುವಾಗ ಇನ್ನೊಬ್ಬರು ನಡುವೆ ಬಾಯಿ ಹಾಕುತ್ತಾರೆ, ಹೇಳಬೇಕಾದ್ದನ್ನು ಅರ್ಧಕ್ಕೆ ಬಿಟ್ಟು ಬೇರೆ ಕಡೆ ಹೋಗುತ್ತಾರೆ, "ಅದೇ ಅವರು, ಅದೇನಪ್ಪಾ ಅವರ ಹೆಸರು" ಅಂತ ನಿಲ್ಲುತ್ತಾರೆ, ಹಿಂದೆ ಕುಕ್ಕರ್ ಕೂಗುತ್ತದೆ. ಎಷ್ಟು ಒಳ್ಳೆಯ ಬರಹಗಾರರಾದರೂ ಅದನ್ನು ಕೂತು ಬರೆಯುವುದು ಕಷ್ಟ. ಬರೆದರೂ ಎಷ್ಟೇ ಒಳ್ಳೆಯ ನಟರಿಗೂ ಹಾಗೇ ಹೇಳುವುದು ಇನ್ನೂ ಕಷ್ಟ. ನಾವೆಲ್ಲ ದಿನವೂ ಹಾಗೇ ಮಾತಾಡುತ್ತೇವೆ, ಆದರೆ ತೆರೆಯ ಮೇಲೆ ಅದು ಸಿಗುವುದೇ ಅಪರೂಪ. ನನಗೆ ಈ ಚಿತ್ರಗಳ ಮೇಲೆ ಇಷ್ಟು ಪ್ರೀತಿ ಇರುವುದೂ ಅದಕ್ಕೇ.

ಇದನ್ನು ಶುರು ಮಾಡಿದ್ದು ಯಾರು?

ಇಂಥವರೇ ಮೊದಲು ಅಂತ ಗೆರೆ ಎಳೆಯುವುದು ಬೇಡ. ಆದರೆ ಎಲ್ಲಿಂದ ನೋಡಬೇಕು ಅಂದರೆ ಅಮೆರಿಕದ ಜಾನ್ ಹಬ್ಲಿ ಮತ್ತು ಫೇತ್ ಹಬ್ಲಿ ದಂಪತಿಯಿಂದ ನೋಡಿ.

ಜಾನ್ ಹಬ್ಲಿ ಡಿಸ್ನಿಯಲ್ಲಿ ಕೆಲಸ ಮಾಡಿದವರು. ಅಲ್ಲಿನ ಕೆಲಸಗಾರರ 1941ರ ಮುಷ್ಕರದ ನಂತರ ಅಲ್ಲಿಂದ ಹೊರಬಂದು ಯುಪಿಎ ಸ್ಟುಡಿಯೋ ಸೇರಿದರು. ಮಿಸ್ಟರ್ ಮಗೂ ಅನ್ನುವ ಕಾರ್ಟೂನ್ ಪಾತ್ರ ಹುಟ್ಟಿದ್ದರಲ್ಲಿ ಅವರ ಕೈಯೂ ಇದೆ. ಕಮ್ಯುನಿಸ್ಟರನ್ನು ಹುಡುಕಿ ಹುಡುಕಿ ಕೆಲಸದಿಂದ ತೆಗೆಸುತ್ತಿದ್ದ ಆ ಕಾಲದಲ್ಲಿ ಜೊತೆಯವರ ಹೆಸರು ಹೇಳಲು ಅವರು ಒಪ್ಪಲಿಲ್ಲ, ಹಾಲಿವುಡ್ ಬಾಗಿಲು ಮುಚ್ಚಿತು. 1955ರಲ್ಲಿ ಫೇತ್ ಅವರನ್ನು ಮದುವೆಯಾದರು. ವರ್ಷಕ್ಕೊಂದಾದರೂ ನಮ್ಮದೇ ಸಿನಿಮಾ ಮಾಡಬೇಕು ಅಂತ ಇಬ್ಬರೂ ಮಾತು ಮಾಡಿಕೊಂಡರು. ಹೊಟ್ಟೆಪಾಡಿಗೆ ಜಾಹೀರಾತು, ಮನಸ್ಸಿಗೆ ಈ ಚಿತ್ರಗಳು.

ಅವರ 'ಮೂನ್‌ಬರ್ಡ್' ಬಂದದ್ದು 1959ರಲ್ಲಿ. ಇಬ್ಬರು ಪುಟ್ಟ ಹುಡುಗರು ರಾತ್ರಿ ಮನೆಯಿಂದ ಮೆಲ್ಲಗೆ ಹೊರಗೆ ಬಂದು ಒಂದು ಹಕ್ಕಿ ಹಿಡಿಯಲು ಹೊರಡುತ್ತಾರೆ. ದನಿ ಹಬ್ಲಿ ದಂಪತಿಯದೇ ಮಕ್ಕಳಾದ ಮಾರ್ಕ್ ಮತ್ತು ರೇ ಅವರದು. ದೊಡ್ಡವನು ಯಜಮಾನಿಕೆ ಮಾಡುತ್ತಾನೆ. ಚಿಕ್ಕವನಿಗೆ ಅಣ್ಣ ಹೇಳಿದ್ದು ಅರ್ಧ ಅರ್ಥವಾಗಿದೆ, ಅರ್ಧ ಇಲ್ಲ, ಅವನ ಪಾಡಿಗೆ ಅವನು ಹಾಡಿಕೊಳ್ಳುತ್ತಿರುತ್ತಾನೆ. ಆ ದನಿ ಕೇಳಿದರೆ ಯಾವ ದೇಶದ ಅಣ್ಣ ತಮ್ಮ ಆದರೂ ಒಂದೇ ಅನಿಸುತ್ತದೆ. ಆ ಚಿತ್ರಕ್ಕೆ ಆಸ್ಕರ್ ಬಂತು. ಇಲ್ಲಿ ಗೆರೆಗಳು ಅಚ್ಚುಕಟ್ಟಾಗಿಲ್ಲ, ಹುಡುಗರ ಮೈಯೊಳಗಿಂದ ಹಿಂದಿನ ಕತ್ತಲು ಕಾಣುತ್ತದೆ. ಮಕ್ಕಳ ಆ ಮಾತಿಗೆ ಗಟ್ಟಿ ಗೆರೆ ಹಾಕಿದ್ದರೆ ಹೊಂದುತ್ತಿರಲಿಲ್ಲ.

1968ರಲ್ಲಿ 'ವಿಂಡಿ ಡೇ'. ಈ ಸಲ ಹೆಣ್ಣುಮಕ್ಕಳು, ಎಮಿಲಿ ಮತ್ತು ಜಾರ್ಜಿಯಾ. ಅಕ್ಕ ತಂಗಿ ನಾಟಕ ಆಡಲು ಶುರು ಮಾಡುತ್ತಾರೆ, ಅದು ಅಲ್ಲಿಂದ ಮದುವೆಗೆ ಹೋಗುತ್ತದೆ, ಮಗು ಹುಟ್ಟುವುದಕ್ಕೆ ಹೋಗುತ್ತದೆ, ಸಾಯುವುದಕ್ಕೂ ಹೋಗುತ್ತದೆ. ಬಾಯಲ್ಲಿ ಏನು ಬಂತೋ ಮೈಯೂ ಅದೇ ಆಗುತ್ತದೆ. ರಾಜಕುಮಾರಿ ಅಂದರೆ ರಾಜಕುಮಾರಿ, ಪ್ರಾಣಿ ಅಂದರೆ ಪ್ರಾಣಿ. ಇದಕ್ಕೆ ಆಸ್ಕರ್ ನಾಮನಿರ್ದೇಶನ ಮಾತ್ರ ಸಿಕ್ಕಿತು. ನನ್ನ ಲೆಕ್ಕದಲ್ಲಿ 'ಮೂನ್‌ಬರ್ಡ್'ಗಿಂತ ಇದೇ ಒಂದು ಕೈ ಮೇಲು. 1973ರ 'ಕಾಕಬೂಡಿ'ಯಲ್ಲೂ ಇದೇ ಅಕ್ಕ ತಂಗಿಯರ ಮಾತಿದೆ. ಮುಂದೆ ಎಮಿಲಿ ತಾವೇ ಅನಿಮೇಷನ್ ಮಾಡುವವರಾದರು, ಜಾರ್ಜಿಯಾ 'ಯೋ ಲಾ ಟೆಂಗೋ' ಬ್ಯಾಂಡಿನಲ್ಲಿ ಡ್ರಮ್ಸ್ ಬಾರಿಸುವವರಾದರು.

ಹಬ್ಲಿಗಳು ಬರೀ ಮಕ್ಕಳ ಮಾತನ್ನೇ ಬಳಸಿದರಾ?

ಇಲ್ಲ. 1962ರ 'ದ ಹೋಲ್' ದೊಡ್ಡವರದು. ನ್ಯೂಯಾರ್ಕಿನಲ್ಲಿ ಕಟ್ಟಡಕ್ಕೆ ತೋಡಿದ ಹಳ್ಳದೊಳಗೆ ಇಬ್ಬರು ಕೂಲಿಯವರು. ಜಾಜ್ ಕಲಾವಿದ ಡಿಜ್ಜಿ ಗಿಲೆಸ್ಪಿ ಮತ್ತು ನಟ ಜಾರ್ಜ್ ಮ್ಯಾಥ್ಯೂಸ್ ಬಾಯಿಗೆ ಬಂದಂತೆ ಮಾತಾಡುತ್ತಾ ಹೋಗುತ್ತಾರೆ. ಆಕಸ್ಮಿಕ ಅಂದರೇನು, ಅದು ಹೇಗೆ ಆಗುತ್ತದೆ ಅನ್ನುವಲ್ಲಿಂದ ಶುರುವಾದ ಹರಟೆ ಆಕಸ್ಮಿಕವಾಗಿ ಅಣುಬಾಂಬ್ ಸಿಡಿದರೆ ಅನ್ನುವಲ್ಲಿಗೆ ಬಂದು ನಿಲ್ಲುತ್ತದೆ. ಅಮೆರಿಕ, ಸೋವಿಯತ್ ನಡುವೆ ಅಣುಯುದ್ಧ ಆಗಿಯೇಬಿಡುತ್ತದೆ ಅನಿಸಿದ್ದ ಕ್ಯೂಬಾ ಕ್ಷಿಪಣಿ ಬಿಕ್ಕಟ್ಟಿನ ವರ್ಷ ಅದು. ಇದಕ್ಕೂ ಆಸ್ಕರ್ ಬಂತು. ಒಂದು ಪಾತ್ರ ಕೊಟ್ಟು ಮಾತಾಡಲು ಬಿಟ್ಟದ್ದರಿಂದ ಇದು ಪೂರ್ತಿ ದಿನದ ಮಾತು ಅಲ್ಲ, ಆದರೆ ಬರೆದ ಮಾತೂ ಅಲ್ಲ.

ಜೇಡಿಮಣ್ಣಿನ ಗೊಂಬೆ ಸಿನಿಮಾ ಮಾಡುವ ಆರ್ಡ್‌ಮನ್‌ನವರಿಗೂ ಇದಕ್ಕೂ ಏನು ಸಂಬಂಧ?

ದೊಡ್ಡ ಸಂಬಂಧ. ಇಂಗ್ಲೆಂಡಿನ ಬ್ರಿಸ್ಟಲ್ ಊರಿನ ಆರ್ಡ್‌ಮನ್ ಸ್ಟುಡಿಯೋ ಕಟ್ಟಿದ ಪೀಟರ್ ಲಾರ್ಡ್ ಮತ್ತು ಡೇವಿಡ್ ಸ್ಪ್ರಾಕ್ಸ್‌ಟನ್ ಶಾಲಾ ಗೆಳೆಯರು. ಆ ಸ್ಟುಡಿಯೋದ ಹೆಸರುವಾಸಿ ಗೊಂಬೆ ಜೋಡಿ ವಾಲೇಸ್ ಮತ್ತು ಗ್ರೋಮಿಟ್‌ಗಿಂತ ಬಹಳ ಮೊದಲೇ ಅವರು ಬಿಬಿಸಿಯ 'ಆನಿಮೇಟೆಡ್ ಕಾನ್ವರ್ಸೇಷನ್ಸ್' ಸರಣಿಗೆ ಚಿತ್ರ ಮಾಡಿಕೊಟ್ಟಿದ್ದರು. ಮೊದಲನೆಯದು 1977ರ 'ಡೌನ್ ಅಂಡ್ ಔಟ್'. ಸಾಲ್ವೇಷನ್ ಆರ್ಮಿ ಅನ್ನುವ ಕ್ರೈಸ್ತ ಸೇವಾ ಸಂಸ್ಥೆ ನಿರ್ಗತಿಕರಿಗಾಗಿ ನಡೆಸುವ ಒಂದು ಹಾಸ್ಟೆಲ್‌ನಲ್ಲಿ ಮಾಡಿದ ರೆಕಾರ್ಡಿಂಗ್ ಅದರ ಮೂಲ. ಒಬ್ಬ ಮುದುಕ ಕೌಂಟರ್ ಮುಂದೆ ನಿಂತಿದ್ದಾನೆ. ಏನೋ ಕೇಳುತ್ತಾನೆ, ಒಳಗಿನವರು ಏನೋ ಹೇಳುತ್ತಾರೆ, ಅವನಿಗೆ ಅದು ತಲೆಗೆ ಹೋಗುವುದಿಲ್ಲ. ಇಷ್ಟೇ ಕಥೆ. ಆದರೆ ಆ ಪ್ಲಾಸ್ಟಿಸಿನ್ (ಮೆತ್ತನೆ ಬಣ್ಣದ ಜೇಡಿ) ಮುದುಕ ನಿಲ್ಲುವ ರೀತಿ, ಅವನ ಕಣ್ಣು ಅತ್ತಿತ್ತ ಹೋಗುವುದು ನೋಡಿದರೆ ನಮ್ಮ ಯಾವುದೋ ಸರ್ಕಾರಿ ಕಚೇರಿಯ ಕಿಟಕಿಯ ಮುಂದೆ ನಿಂತ ಯಾರೋ ನೆನಪಾಗುತ್ತಾರೆ.

ಆಮೇಲೆ 1983ರಲ್ಲಿ ಚಾನೆಲ್ 4ಗಾಗಿ 'ಕಾನ್ವರ್ಸೇಷನ್ ಪೀಸಸ್' ಅಂತ ಐದು ಚಿತ್ರ ಮಾಡಿದರು. ಒಂದರಲ್ಲಿ ಮನೆಮನೆಗೆ ಬ್ರಷ್ ಮಾರಲು ಬರುವವ. ಇನ್ನೊಂದರಲ್ಲಿ ತಮ್ಮನನ್ನೋ ಅಣ್ಣನನ್ನೋ ನೋಡಿ ಬರಲು ಅನುಮತಿ ಕೇಳುವ ಹುಡುಗ ಮತ್ತು ಅವನ ಸುತ್ತ ಮೀಟಿಂಗ್ ಮಾಡುವ ಅಧಿಕಾರಿಗಳು. ಮತ್ತೊಂದರಲ್ಲಿ ಟೀ ಕುಡಿಯುತ್ತಾ ಹಳೇ ಕಥೆ ಹೇಳುವ ವಯಸ್ಸಾದವರು. ಆ ಟೀ ಹರಟೆಗೆ ಅವರು ಕೊಟ್ಟ ಜಾಗ ಯಾವುದು ಗೊತ್ತಾ? ನಿರ್ಜನ ದ್ವೀಪ. ಮಾತು ಪಡಸಾಲೆಯದು, ಚಿತ್ರ ಕಡಲಂಚಿನದು. ಆ ಚಿತ್ರದ ಹೆಸರು 'ಪಾಮಿ ಡೇಸ್'.

ಮೃಗಾಲಯದ ಪ್ರಾಣಿಗಳು ಮಾತಾಡುವ ಸಿನಿಮಾ ಇದೇ ಸಾಲಿನದಾ?

ಹೌದು, ಅದು ನಿಕ್ ಪಾರ್ಕ್ ಮಾಡಿದ 'ಕ್ರೀಚರ್ ಕಂಫರ್ಟ್ಸ್', 1989ರದು. ಸುಮಾರು ಐದು ನಿಮಿಷ. 1991ರ ಸಮಾರಂಭದಲ್ಲಿ ಆಸ್ಕರ್ ಗೆದ್ದಿತು, ಅದೂ ಅವರದೇ ಇನ್ನೊಂದು ಚಿತ್ರವನ್ನು ಹಿಂದೆ ಹಾಕಿ.

ಅದರ ಹಿಂದಿನ ಉಪಾಯ ಬಹಳ ಚೆನ್ನಾಗಿದೆ. ಜನರ ಹತ್ತಿರ ಹೋಗಿ ಮೃಗಾಲಯದ ಬಗ್ಗೆಯೂ ಕೇಳಿದರು, ಅವರು ಇರುವ ಮನೆಯ ಬಗ್ಗೆಯೂ ಕೇಳಿದರು. ಉತ್ತರ ಕೊಟ್ಟವರಲ್ಲಿ ವೃದ್ಧಾಶ್ರಮದವರಿದ್ದರು, ಬಾಡಿಗೆ ಮನೆಗಳವರಿದ್ದರು. ಬ್ರೆಜಿಲ್‌ನಿಂದ ಓದಲು ಬಂದಿದ್ದ ಒಬ್ಬ ಹುಡುಗ ಇಂಗ್ಲೆಂಡಿನ ಚಳಿ, ಊಟ, ಇಕ್ಕಟ್ಟಿನ ರೂಮು ಎಲ್ಲದರ ಬಗ್ಗೆ ಬೇಜಾರು ಹೇಳಿಕೊಂಡ. ಅವನ ದನಿಯನ್ನು ಪಂಜರದೊಳಗಿನ ಒಂದು ಕಾಡುಬೆಕ್ಕಿಗೆ ಕೊಟ್ಟರು. ನಮಗೆ ಜಾಗ ಬೇಕು ಅಂತ ಅದು ಹೇಳುವಾಗ ನಗು ಬರುತ್ತದೆ, ಆದರೆ ನಗು ನಿಂತ ಮೇಲೆ ಎರಡು ನೋವು ಒಟ್ಟಿಗೆ ಕಾಣುತ್ತವೆ. ಬಿಸಿಲಿನ ದೇಶ ಬಿಟ್ಟು ಬಂದ ಹುಡುಗನದು ಒಂದು, ಪಂಜರದ ಪ್ರಾಣಿಯದು ಇನ್ನೊಂದು.

ಹಾಗೆ ಮಾಡುವುದು ಮಾತಾಡಿದವರನ್ನು ಗೇಲಿ ಮಾಡಿದಂತೆ ಆಗಲ್ವಾ?

ಆಗಬಹುದು. ಇದು ಈ ಕೆಲಸದ ಅತಿ ದೊಡ್ಡ ಅಪಾಯ. ಒಬ್ಬರ ನಿಜವಾದ ದನಿಯನ್ನು ಹಂದಿಗೋ ಕಪ್ಪೆಗೋ ಅಂಟಿಸಿ ಅವರ ಉಚ್ಚಾರಣೆಯನ್ನು ಜನರ ಮುಂದೆ ಇಟ್ಟು ನಗಿಸುವುದು ಸುಲಭ. 'ಕ್ರೀಚರ್ ಕಂಫರ್ಟ್ಸ್' ಆ ಹಳ್ಳಕ್ಕೆ ಬೀಳದೆ ಉಳಿದದ್ದು ಗೊಂಬೆಗಳ ಮುಖದಲ್ಲಿರುವ ಮರ್ಯಾದೆಯಿಂದ. ಆ ಪ್ರಾಣಿಗಳು ಕ್ಯಾಮೆರಾ ಮುಂದೆ ಗಂಭೀರವಾಗಿ ಕೂತು ಯೋಚಿಸಿ ಉತ್ತರ ಕೊಡುತ್ತವೆ. ಹಾಸ್ಯ ಇರುವುದು ಅವುಗಳ ಸುತ್ತ, ಹಿಂದೆ ನಡೆಯುವ ಸಣ್ಣಪುಟ್ಟ ಕಿತಾಪತಿಯಲ್ಲಿ.

ನಮ್ಮಲ್ಲಿ ಇದರ ಬಗ್ಗೆ ಇನ್ನೂ ಜಾಸ್ತಿ ಎಚ್ಚರ ಬೇಕು. ಕುಂದಾಪುರದ ಕನ್ನಡ, ಕಲಬುರಗಿಯ ಕನ್ನಡ, ಚಾಮರಾಜನಗರದ ಕನ್ನಡ ಕೇಳಿದ ಕೂಡಲೇ ನಗಬೇಕು ಅಂತ ಸಿನಿಮಾಗಳು ನಮಗೆ ಅಭ್ಯಾಸ ಮಾಡಿಸಿಬಿಟ್ಟಿವೆ. ಮಾತಾಡಿದವರು ಎದುರಿಗೆ ಕೂತು ನೋಡಿದರೆ ಅವರಿಗೆ ಹೇಗನಿಸುತ್ತದೆ? ಪ್ರತಿ ಶಾಟ್‌ಗೂ ಇದೊಂದು ಪ್ರಶ್ನೆ ಕೇಳಿಕೊಳ್ಳಿ. ಮುಗಿಸುವ ಮೊದಲು ನಿಜವಾಗಿಯೂ ಕೂರಿಸಿ ತೋರಿಸಿ.

ಕ್ಯಾಮೆರಾದಲ್ಲೇ ವಿಡಿಯೋ ತೆಗೆಯಬಹುದಲ್ಲ, ಇಷ್ಟು ಕಷ್ಟಪಟ್ಟು ಯಾಕೆ ಚಿತ್ರ ಬರೆಯಬೇಕು?

ಕ್ಯಾಮೆರಾ ಕಂಡರೆ ನಮ್ಮವರು ಸೆರಗು ಸರಿ ಮಾಡಿಕೊಂಡು, ಕೂದಲು ನೇವರಿಸಿಕೊಂಡು, ಟಿವಿಯವರ ಹಾಗೆ ಮಾತಾಡಲು ಶುರು ಮಾಡುತ್ತಾರೆ. ಬರೀ ಮೈಕ್ ಇದ್ದರೆ ಸ್ವಲ್ಪ ಹೊತ್ತಿಗೆ ಮರೆತುಬಿಡುತ್ತಾರೆ.

ಮುಖ ತೋರಿಸಲಾಗದವರ ವಿಷಯ ಇನ್ನೂ ಮುಖ್ಯ. 2003ರಲ್ಲಿ ಆಸ್ಟ್ರೇಲಿಯಾದಲ್ಲಿ 'ಇಟ್ಸ್ ಲೈಕ್ ದಟ್' ಅಂತ ಒಂದು ಚಿತ್ರ ಬಂತು. ಆಶ್ರಯ ಕೇಳಿ ಬಂದು ಬಂಧನ ಕೇಂದ್ರಗಳಲ್ಲಿ ಸಿಕ್ಕಿಕೊಂಡಿದ್ದ ಮಕ್ಕಳ ದನಿಯನ್ನು ಇಟ್ಟುಕೊಂಡು ಸದರ್ನ್ ಲೇಡೀಸ್ ಆನಿಮೇಷನ್ ಗ್ರೂಪ್ ಅನ್ನುವ ಹೆಂಗಸರ ಗುಂಪು ಮಾಡಿದ್ದು. ಆ ಮಕ್ಕಳು ಅಲ್ಲಿ ಹೆಣೆದ ಪುಟ್ಟ ಹಕ್ಕಿಗಳಾಗಿ ಕಾಣುತ್ತಾರೆ. ಒಂದು ಮಗುವಿನ ಗುರುತೂ ಬಯಲಾಗುವುದಿಲ್ಲ, ಒಂದು ಮಾತೂ ಕಳೆದುಹೋಗುವುದಿಲ್ಲ.

ಮಾತಾಡಿದವರ ಕೈಯಲ್ಲೇ ಚಿತ್ರ ಬರೆಸುವ ದಾರಿಯೂ ಇದೆ. 1992ರಲ್ಲಿ ಟಿಮ್ ವೆಬ್ ಮಾಡಿದ 'ಎ ಈಸ್ ಫಾರ್ ಆಟಿಸಂ'ನಲ್ಲಿ ಆಟಿಸಂ ಇರುವವರದೇ ದನಿ, ಅವರದೇ ಚಿತ್ರಗಳು. ಜಗತ್ತು ಅವರಿಗೆ ಹೇಗೆ ಕಾಣುತ್ತದೆ, ಹೇಗೆ ಕೇಳುತ್ತದೆ ಅನ್ನುವುದು ಯಾವ ಕ್ಯಾಮೆರಾಕ್ಕೂ ಸಿಗುತ್ತಿರಲಿಲ್ಲ.

ಭಾರತದಲ್ಲಿ ಇಂಥದ್ದು ಆಗಿದೆಯಾ?

ಆಗಿದೆ. ನೀನಾ ಸಬ್‌ನಾನಿ ಅವರ 'ಟಾಂಕೋ ಬೋಲೆ ಛೇ' ನೋಡಲೇಬೇಕು. 2009ರದು. ಕಛ್‌ನ ಕಲಾ ರಕ್ಷಾ ಸಂಸ್ಥೆಯ ಕಸೂತಿ ಕಲಾವಿದರು ತಮ್ಮ ಕಥೆಯನ್ನು ತಾವೇ ಹೇಳುತ್ತಾರೆ. 1971ರ ಯುದ್ಧದ ಹೊತ್ತಿಗೆ ಗಡಿ ದಾಟಿ ಬಂದದ್ದು, 2001ರ ಭೂಕಂಪ, ಸೂಜಿ ದಾರದಿಂದ ಬದುಕು ಕಟ್ಟಿಕೊಂಡದ್ದು. ತೆರೆಯ ಮೇಲೆ ಓಡಾಡುವುದು ಅವರೇ ಬಟ್ಟೆಯ ಮೇಲೆ ಹೊಲಿದ ಚಿತ್ರಗಳು. ಬಟ್ಟೆ ತುಂಡಿನ ಒಂಟೆ ನಡೆಯುವಾಗ ಹೊಲಿಗೆಯ ನೂಲು ಕಾಣುತ್ತದೆ. ಮಾತೂ ಅವರದು, ಕೈಕೆಲಸವೂ ಅವರದು.

ಇನ್ನೊಂದು ಕಿರುಚಿತ್ರ ಅಲ್ಲ, ಪೂರ್ಣ ಉದ್ದದ ಸಿನಿಮಾ, ಆದರೂ ಹೇಳಬೇಕು. ಅಮೆರಿಕದ ನೀನಾ ಪೇಲಿ 2008ರಲ್ಲಿ ಮಾಡಿದ 'ಸೀತಾ ಸಿಂಗ್ಸ್ ದ ಬ್ಲೂಸ್'. ಅದರಲ್ಲಿ ಮೂವರು ಭಾರತೀಯ ಗೆಳೆಯರು ಸ್ಕ್ರಿಪ್ಟ್ ಇಲ್ಲದೆ ರಾಮಾಯಣದ ಬಗ್ಗೆ ಮಾತಾಡುತ್ತಾರೆ. ಒಬ್ಬರು ಒಂದು ಹೇಳಿದರೆ ಇನ್ನೊಬ್ಬರು "ಅಲ್ಲ ಅಲ್ಲ, ಅದು ಹಾಗಲ್ಲ" ಅಂತ ತಿದ್ದುತ್ತಾರೆ, ಹೆಸರು ಮರೆಯುತ್ತಾರೆ, ಮತ್ತೆ ನೆನಪು ಮಾಡಿಕೊಳ್ಳುತ್ತಾರೆ. ಆ ಮಾತನ್ನು ಆಡುವುದು ನೆರಳುಗೊಂಬೆಗಳು. ತೊಗಲುಗೊಂಬೆ ಆಟ ನೋಡಿ ಬೆಳೆದವರಿಗೆ ಇದು ಎಷ್ಟು ಸಹಜವಾಗಿ ಹಿಡಿಸುತ್ತದೆ ಅಂದರೆ, ನಮ್ಮ ಗೊಂಬೆಯಾಟದ ಮೇಳಗಳ ಜೊತೆ ಕೂತು ಊರಿನವರ ಹರಟೆಯನ್ನೇ ತೊಗಲುಗೊಂಬೆಗಳ ಬಾಯಲ್ಲಿ ಆಡಿಸುವ ಒಂದು ಕಿರುಚಿತ್ರ ಕನ್ನಡದಲ್ಲಿ ಬರಲಿ ಅಂತ ನನಗೆ ಬಹಳ ಆಸೆ. ನೀನಾ ಪೇಲಿ ತಮ್ಮ ಸಿನಿಮಾವನ್ನು ಎಲ್ಲರಿಗೂ ಪುಕ್ಕಟೆ ಬಿಟ್ಟಿದ್ದಾರೆ, ಹುಡುಕಿ ನೋಡಿ.

ಸರಿ, ನಾನೂ ಮಾಡಬೇಕು. ಏನು ರೆಕಾರ್ಡ್ ಮಾಡಲಿ?

ಸಂದರ್ಶನ ಮಾಡಬೇಡಿ. "ನಿಮ್ಮ ಬಾಲ್ಯದ ಬಗ್ಗೆ ಹೇಳಿ" ಅಂದರೆ ಭಾಷಣ ಬರುತ್ತದೆ. ಕೈಗೆ ಕೆಲಸ ಕೊಡಿ. ಅವರೆಕಾಯಿ ಸುಲಿಯುವಾಗ, ಹೂ ಕಟ್ಟುವಾಗ, ಹಪ್ಪಳ ಒತ್ತುವಾಗ, ಬಸ್ಸಿಗೆ ಕಾಯುವಾಗ ಬಾಯಿ ತಾನಾಗೇ ಬಿಚ್ಚಿಕೊಳ್ಳುತ್ತದೆ. ಒಬ್ಬರಿಗಿಂತ ಇಬ್ಬರು ಮೇಲು, ಅದೂ ಒಬ್ಬರನ್ನೊಬ್ಬರು ಚೆನ್ನಾಗಿ ಬಲ್ಲವರು. ಅಮೆರಿಕದ ಸ್ಟೋರಿಕಾರ್ಪ್ಸ್ ಸಂಸ್ಥೆ 2003ರಲ್ಲಿ ನ್ಯೂಯಾರ್ಕಿನ ಗ್ರ್ಯಾಂಡ್ ಸೆಂಟ್ರಲ್ ರೈಲು ನಿಲ್ದಾಣದಲ್ಲಿ ಒಂದು ಪುಟ್ಟ ಬೂತ್ ಇಟ್ಟು ಶುರು ಮಾಡಿದ್ದೂ ಹೀಗೇ. ಗಂಡ ಹೆಂಡತಿ, ತಾಯಿ ಮಗ, ಹಳೇ ಗೆಳೆಯರು ಒಳಗೆ ಹೋಗಿ 40 ನಿಮಿಷ ಮಾತಾಡುತ್ತಾರೆ. 2010ರಿಂದ ಅಂಥ ರೆಕಾರ್ಡಿಂಗ್‌ಗಳಿಂದ ಎರಡು ಮೂರು ನಿಮಿಷದ ಅನಿಮೇಷನ್ ಮಾಡುತ್ತಾ ಬಂದಿದ್ದಾರೆ.

ಮಕ್ಕಳಾದರೆ ಅವರ ಪಾಡಿಗೆ ಬಿಡಿ. ಡಾನ್ ಹರ್ಟ್ಸ್‌ಫೆಲ್ಟ್ ತಮ್ಮ 'ವರ್ಲ್ಡ್ ಆಫ್ ಟುಮಾರೋ' (2015) ಚಿತ್ರಕ್ಕೆ ನಾಲ್ಕು ವರ್ಷದ ತಮ್ಮ ಸಂಬಂಧಿ ಹುಡುಗಿಯ ದನಿ ಬಳಸಿದರು. ಆ ವಯಸ್ಸಿಗೆ ಇಂಥದ್ದು ಹೇಳು ಅಂದರೆ ಹೇಳುತ್ತಾರಾ? ಅವಳು ಚಿತ್ರ ಬರೆಯುತ್ತಾ ಆಡುತ್ತಾ ಏನು ಮಾತಾಡಿದಳೋ ಅದನ್ನೇ ರೆಕಾರ್ಡ್ ಮಾಡಿಕೊಂಡು, ಅದರ ಸುತ್ತ ಕಥೆ ಹೆಣೆದರು.

ಗೊತ್ತಾಗದ ಹಾಗೆ ರೆಕಾರ್ಡ್ ಮಾಡಿದರೆ ಇನ್ನೂ ಸಹಜವಾಗಿ ಬರುತ್ತೆ ಅಲ್ವಾ?

ಬೇಡ. ಯಾವ ಕಾರಣಕ್ಕೂ ಬೇಡ. ಮೊದಲೇ ಕೇಳಿ, ಫೋನ್ ಎದುರಿಗೇ ಕಾಣುವ ಹಾಗೆ ಇಡಿ. ಹತ್ತು ಹದಿನೈದು ನಿಮಿಷ ಬಿಗಿಯಾಗಿ ಮಾತಾಡುತ್ತಾರೆ, ಆಮೇಲೆ ಮರೆಯುತ್ತಾರೆ. ಆ ಬಿಗಿಯನ್ನು ಎಡಿಟ್ ಮಾಡುವಾಗ ಬಿಡಬಹುದು. ರೆಕಾರ್ಡ್ ಮಾಡಲು ಒಪ್ಪಿಗೆ ಬೇರೆ, ಸಿನಿಮಾದಲ್ಲಿ ಬಳಸಲು ಒಪ್ಪಿಗೆ ಬೇರೆ. ಎರಡನೆಯದನ್ನು ಆರಿಸಿದ ತುಣುಕು ಕೇಳಿಸಿದ ಮೇಲೆ ಕೇಳಿ, ಬರಹದಲ್ಲಿ ತೆಗೆದುಕೊಳ್ಳಿ. ಮಗುವಿನ ಪರವಾಗಿ ಅಪ್ಪ ಅಮ್ಮ ಒಪ್ಪಬೇಕು, ಮಗು ಬೇಡ ಅಂದರೆ ಅದನ್ನೂ ಕೇಳಬೇಕು. ಮಾತಿನ ನಡುವೆ ಬರುವ ನೆರೆಮನೆಯವರ ಹೆಸರು, ಯಾರದೋ ಕಾಯಿಲೆ, ಯಾರದೋ ಸಾಲ ಇವೆಲ್ಲ ಮೂರನೆಯವರ ವಿಷಯ. ಎಷ್ಟು ಚೆನ್ನಾಗಿದ್ದರೂ ಕತ್ತರಿಸಿ.

ಹಳೇ ವಾಟ್ಸಾಪ್ ವಾಯ್ಸ್ ಮೆಸೇಜ್ ಬಳಸಬಹುದಾ?

ದನಿಯ ಗುಣಮಟ್ಟ ಸ್ವಲ್ಪ ಕಡಿಮೆ, ಆದರೆ ಧಾರಾಳವಾಗಿ ಬಳಸಬಹುದು. ದುಬೈಯಲ್ಲೋ ಡಾಲಸ್‌ನಲ್ಲೋ ಇರುವ ಮಗಳಿಗೆ ಅಮ್ಮ ಕಳಿಸುವ "ಊಟ ಆಯ್ತಾ, ನಿಮ್ಮಲ್ಲಿ ಈಗ ಎಷ್ಟು ಗಂಟೆ" ಅನ್ನುವ ಮೆಸೇಜ್‌ಗಳಲ್ಲೇ ಒಂದು ಸಿನಿಮಾ ಇದೆ. ಕಳಿಸಿದವರ ಒಪ್ಪಿಗೆ ಮಾತ್ರ ಬೇಕೇ ಬೇಕು.

ರೆಕಾರ್ಡಿಂಗ್‌ಗೆ ದುಬಾರಿ ಸಾಮಾನು ಬೇಕಾ?

ಫೋನ್ ಸಾಕು. ಕಾಲರ್‌ಗೆ ಸಿಕ್ಕಿಸುವ ಸಣ್ಣ ಮೈಕ್ ಇದ್ದರೆ ಒಳ್ಳೆಯದು. ಫ್ಯಾನ್ ಆರಿಸಿ, ಫ್ರಿಜ್ ದೂರ ಇರಲಿ, ಫೋನನ್ನು ಮೇಜಿನ ಮೇಲೆ ಇಡದೆ ಮಡಿಸಿದ ಟವೆಲ್ ಮೇಲೆ ಇಡಿ. ದನಿಯ ಗುಣಮಟ್ಟ ಕೆಡದ ಹಾಗೆ ಡಬ್ಲ್ಯುಎವಿ (WAV) ಫೈಲ್ ಆಗಿ ಉಳಿಸಿ. ಮಾತು ಮುಗಿದ ಮೇಲೆ ಯಾರೂ ಮಾತಾಡದೆ ಒಂದು ನಿಮಿಷ ಆ ಕೋಣೆಯ ಸದ್ದನ್ನೇ ರೆಕಾರ್ಡ್ ಮಾಡಿಕೊಳ್ಳಿ. ಮಾತು ಕತ್ತರಿಸಿ ಜೋಡಿಸಿದ ಕಡೆ ಅದನ್ನು ಕೆಳಗೆ ಹಾಸಿದರೆ ಕತ್ತರಿಸಿದ್ದು ಗೊತ್ತಾಗುವುದಿಲ್ಲ.

"ಆಂ", "ಹೂಂ", "ಅದೇನೋ", ಕೆಮ್ಮು, ಸುಮ್ಮನಿರುವುದು ಇವನ್ನೆಲ್ಲ ತೆಗೆದು ಸ್ವಚ್ಛ ಮಾಡಬೇಕಾ?

ತೆಗೆದರೆ ಉಳಿಯುವುದೇನು! ಒಂದು ಉದಾಹರಣೆ ಕೊಡುತ್ತೇನೆ. ಅಜ್ಜಿ, ಮೊಮ್ಮಗ ಅವರೆಕಾಯಿ ಸುಲಿಯುತ್ತಿದ್ದಾರೆ, ಕಾಳು ಸ್ಟೀಲ್ ಪಾತ್ರೆಗೆ ಬೀಳುತ್ತಿದೆ ಅಂದುಕೊಳ್ಳಿ.

"ಆ ಹುಳ ಇರೋದು ಆಚೆ ಹಾಕೋ."

"ಹುಳ ಎಲ್ಲಿಗೆ ಹೋಗತ್ತೆ ಅಜ್ಜಿ?"

"ಎಲ್ಲಿಗೆ... ಅದರ ಮನೆಗೆ."

"ಅದರ ಮನೆ ಇದೇ ಅಲ್ವಾ?"

ಇಲ್ಲಿ ಎರಡು ಸೆಕೆಂಡು ಮಾತಿಲ್ಲ. ಕಾಳು ಬೀಳುವ ಸದ್ದೂ ಇಲ್ಲ. ಆಮೇಲೆ ಅಜ್ಜಿ, "ಹೂಂ. ಅದೂ ಸರಿನೇ."

ಆ ಎರಡು ಸೆಕೆಂಡು ಕತ್ತರಿಸಿದರೆ ಇದು ಬರೀ ಮಗುವಿನ ಜಾಣಮಾತು. ಬಿಟ್ಟರೆ ಅಜ್ಜಿ ಯೋಚನೆ ಮಾಡಿದ್ದು ನಮಗೆ ಕೇಳುತ್ತದೆ. ಕಾಳಿನ ಸದ್ದು ನಿಂತದ್ದರಿಂದ ಅವರ ಕೈ ನಿಂತಿತು ಅಂತಲೂ ಗೊತ್ತಾಗುತ್ತದೆ. ಹಾಗಾದರೆ ಏನು ಬರೆಯಬೇಕು ಅನ್ನುವುದನ್ನು ರೆಕಾರ್ಡಿಂಗೇ ಹೇಳಿಬಿಟ್ಟಿತು: ಸಿಪ್ಪೆ ಹಿಡಿದು ನಿಂತ ಕೈ, ಅಷ್ಟೇ. ಹುಳ ಗಂಟು ಮೂಟೆ ಕಟ್ಟಿಕೊಂಡು ಹೊರಟ ಚಿತ್ರ ಬರೆಯಬೇಕು ಅನಿಸುತ್ತದೆ, ನಗುವೂ ಬರುತ್ತದೆ, ಆದರೆ ಆಗ ಅಜ್ಜಿ ಮರೆತುಹೋಗುತ್ತಾರೆ. ಮಾತು ಹೇಳಿದ್ದನ್ನೇ ಚಿತ್ರ ಮತ್ತೆ ಹೇಳಬಾರದು. ಮಾತಿನ ಅಕ್ಕಪಕ್ಕ ಏನಿದೆಯೋ ಅದನ್ನು ತೋರಿಸಬೇಕು. ಈ ಇಡೀ ಪುಟದಲ್ಲಿ ಒಂದೇ ಒಂದು ಸಂಗತಿ ನೆನಪಿಟ್ಟುಕೊಳ್ಳುವುದಾದರೆ ಇದನ್ನೇ ಇಟ್ಟುಕೊಳ್ಳಿ.

ಒಂದು ಗಂಟೆಯ ರೆಕಾರ್ಡಿಂಗ್‌ನಿಂದ ಎರಡು ನಿಮಿಷ ಆರಿಸುವುದು ಹೇಗೆ?

ಮೊದಲು ಪೂರ್ತಿ ಕೇಳಿ, ಏನೂ ಬರೆಯದೆ. ಮರುದಿನ ಯಾವುದು ತಲೆಯಲ್ಲಿ ಉಳಿದಿದೆಯೋ ಅದನ್ನು ಗುರುತು ಮಾಡಿಕೊಳ್ಳಿ. ಆಮೇಲೆ ಕೂತು ಪ್ರತಿ ಮಾತನ್ನೂ ಆಡಿದ ಹಾಗೇ ಬರೆದುಕೊಳ್ಳಿ, "ಹೋಗ್ಬುಟ್ಟು" ಅಂದಿದ್ದರೆ "ಹೋಗಿಬಿಟ್ಟು" ಅಂತ ತಿದ್ದಬೇಡಿ. ಕಾಗದದ ಮೇಲೆ ಮಾತ್ರ ನೋಡಿ ಆರಿಸಬೇಡಿ. ಓದುವಾಗ ಸಪ್ಪೆ ಅನಿಸಿದ ಮಾತು ಕೇಳುವಾಗ ಎದೆಗೆ ತಾಗಬಹುದು. ಮಾತಿನ ಕ್ರಮ ಬದಲಿಸಬಹುದು, ಆದರೆ ಒಂದು ಪ್ರಶ್ನೆಗೆ ಕೊಟ್ಟ ಉತ್ತರವನ್ನು ಇನ್ನೊಂದು ಪ್ರಶ್ನೆಗೆ ಅಂಟಿಸಿ ಅವರು ಹೇಳದ್ದನ್ನು ಹೇಳಿಸಬೇಡಿ.

ಕನ್ನಡ ಮಾತಿಗೆ ಬಾಯಿ ಹೊಂದಿಸುವುದು ಕಷ್ಟವಾ? ಯಾವ ಅಕ್ಷರಕ್ಕೆ ಯಾವ ಆಕಾರದ ಬಾಯಿ ಅಂತ ಸಿಗುವ ಚಾರ್ಟ್ ಎಲ್ಲಾ ಇಂಗ್ಲಿಷಿಗೆ ಮಾಡಿದ್ದು.

ಕನ್ನಡಕ್ಕೆ ನೀವೇ ಚಾರ್ಟ್ ಮಾಡಿಕೊಳ್ಳಬಹುದು, ಆರೇಳು ಬಾಯಿ ಸಾಕು. ಪ, ಬ, ಮ ಬಂದರೆ ತುಟಿ ಮುಚ್ಚಬೇಕು, ಇದು ತಪ್ಪಿದರೆ ಯಾರಿಗಾದರೂ ಗೊತ್ತಾಗುತ್ತದೆ. ಅ, ಆ ತೆರೆದ ಬಾಯಿ. ಇ, ಈ, ಎ ಅಗಲಿಸಿದ ಬಾಯಿ. ಉ, ಊ, ಒ ಗುಂಡಗೆ. ವ, ಫ ಬಂದಾಗ ಕೆಳತುಟಿ ಹಲ್ಲಿನ ಹತ್ತಿರ. ತ, ದ, ನ, ಲ ಬಂದಾಗ ನಾಲಿಗೆ ಸ್ವಲ್ಪ ಕಂಡರೆ ಸಾಕು. ಕ, ಗ, ಹ ಇವಕ್ಕೆ ಬೇರೆ ಬಾಯಿ ಬೇಡ, ಪಕ್ಕದ ಸ್ವರದ್ದೇ ಸಾಕು.

ನಮ್ಮ ಒತ್ತಕ್ಷರಗಳನ್ನು ಮಾತ್ರ ಗಮನಿಸಿ. ಸೆಕೆಂಡಿಗೆ 24 ಫ್ರೇಮ್, ಅಂದರೆ ತೆರೆಯ ಮೇಲೆ 24 ಸಲ ಚಿತ್ರ ಬರುವ ಲೆಕ್ಕದಲ್ಲಿ "ಅಮ್ಮ ಬಂದ್ಲು" ತೆಗೆದುಕೊಳ್ಳಿ. ಮೊದಲ ಅ ಮೂರು ಫ್ರೇಮ್ ತೆರೆದಿದ್ದರೆ, ಮ್ಮ ಬರುವಾಗ ತುಟಿ ಐದು ಫ್ರೇಮ್‌ವರೆಗೂ ಮುಚ್ಚಿಯೇ ಇರಬಹುದು. ಮುಂದಿನ ಬ ಎರಡೇ ಫ್ರೇಮ್. ಎರಡಕ್ಕೂ ಒಂದೇ ಅಳತೆ ಕೊಟ್ಟರೆ ಅಮ್ಮ ಹೋಗಿ "ಅಮ" ಆಗುತ್ತದೆ. ಅಪ್ಪ, ಹಬ್ಬ, ತಮ್ಮ, ಉಪ್ಪು ಎಲ್ಲಕ್ಕೂ ಇದೇ. ಇನ್ನೊಂದು, ಬರಹದ ಕನ್ನಡದಲ್ಲಿ ಪದಗಳು ಹೆಚ್ಚಾಗಿ ಸ್ವರದಲ್ಲಿ ಮುಗಿಯುತ್ತವೆ, ಆಡುಮಾತಿನಲ್ಲಿ ನಡುವಿನ ಸ್ವರಗಳು ಉದುರುತ್ತವೆ. ಹಾಗಾಗಿ ಬರಹ ನೋಡಿ ಬಾಯಿ ಬರೆಯಬೇಡಿ, ಕಿವಿ ಹೇಳಿದ್ದನ್ನು ಬರೆಯಿರಿ. ಬಾಯಿ ದನಿಗಿಂತ ಒಂದೆರಡು ಫ್ರೇಮ್ ಮುಂಚೆ ಬಂದರೆ ಕಣ್ಣಿಗೆ ಸರಿಯಾಗಿ ಕಾಣುತ್ತದೆ.

ಮತ್ತೆ, ಬಾಯಿಗಿಂತ ಕಣ್ಣು ಮುಖ್ಯ. ಕೇಳಿಸಿಕೊಳ್ಳುತ್ತಿರುವವರ ಕಣ್ಣು ಇನ್ನೂ ಮುಖ್ಯ.

ನನಗೆ ಚಿತ್ರ ಬರೆಯಲು ಬರುವುದೇ ಇಲ್ಲ.

ಬಟನ್, ಕಾಗದದ ತುಂಡು, ಬೇಳೆಕಾಳು, ಹಳೇ ಸೀರೆಯ ಅಂಚು ಏನನ್ನಾದರೂ ಆಡಿಸಿ. ದನಿ ಗಟ್ಟಿಯಾಗಿದ್ದರೆ ಎರಡು ಬಟನ್ ಕೂಡ ಅತ್ತೆ ಸೊಸೆ ಆಗುತ್ತವೆ.

ಯಾವ ಸಾಫ್ಟ್‌ವೇರ್? ಎಷ್ಟು ದಿನ ಹಿಡಿಯುತ್ತೆ?

ದನಿಗೆ ಆಡಾಸಿಟಿ. ಕಂಪ್ಯೂಟರಿನಲ್ಲಿ ಬರೆಯಲು ಕ್ರಿಟಾ, ಓಪನ್‌ಟೂನ್ಜ್, ಬ್ಲೆಂಡರ್. ಇವೆಲ್ಲ ಪುಕ್ಕಟೆ. ಗೊಂಬೆ ಆಡಿಸುವುದಾದರೆ ಫೋನಿನಲ್ಲೇ ಸ್ಟಾಪ್ ಮೋಷನ್ ಸ್ಟುಡಿಯೋ ಆ್ಯಪ್ ಇದೆ. ದಿನದ ಲೆಕ್ಕ ಹೇಳುವುದಕ್ಕಿಂತ ಚಿತ್ರದ ಲೆಕ್ಕ ಹೇಳುತ್ತೇನೆ. ಒಂದೊಂದು ಚಿತ್ರವನ್ನು ಎರಡು ಫ್ರೇಮ್ ಹಿಡಿದರೆ ಸೆಕೆಂಡಿಗೆ 12 ಚಿತ್ರ, ನಿಮಿಷಕ್ಕೆ 720. ಐದು ನಿಮಿಷಕ್ಕೆ 3600. ಅದಕ್ಕೇ ಮೊದಲ ಸಲ ಮೂವತ್ತು ಸೆಕೆಂಡಿನ ಮಾತು ಆರಿಸಿಕೊಳ್ಳಿ. ಮೇಲಿನ ಅವರೆಕಾಯಿ ಮಾತು ಅಷ್ಟಕ್ಕೇ ಮುಗಿಯುತ್ತದೆ ನೋಡಿ.

ಎಐ ಹತ್ತಿರ ದನಿ ಮಾಡಿಸಬಹುದಾ?

ಬೇರೆ ಸಿನಿಮಾಕ್ಕೆ ಮಾಡಿಸಿಕೊಳ್ಳಿ. ಇದಕ್ಕೆ ಬೇಡ. ಒಬ್ಬ ಮನುಷ್ಯ ಒಂದು ಸಂಜೆ ಇನ್ನೊಬ್ಬರಿಗೆ ನಿಜವಾಗಿ ಹೇಳಿದ ಮಾತು ಅನ್ನುವುದೇ ಈ ಚಿತ್ರಗಳ ಜೀವ.

ಬೇರೆ ಊರಿನ, ಬೇರೆ ಭಾಷೆಯವರಿಗೆ ಅರ್ಥವಾಗಲು ಡಬ್ ಮಾಡಲಾ?

ಸಬ್‌ಟೈಟಲ್ ಹಾಕಿ, ಡಬ್ ಮಾಡಬೇಡಿ. ಕನ್ನಡದವರಿಗೂ ಕನ್ನಡದಲ್ಲೇ ಸಬ್‌ಟೈಟಲ್ ಹಾಕಿದರೆ ಕಿವಿ ಕೇಳದವರಿಗೆ ಅನುಕೂಲ, ಬೀದರಿನ ಮಾತು ಮಡಿಕೇರಿಯವರಿಗೂ ಸಲೀಸಾಗುತ್ತದೆ. ಅದರಲ್ಲೂ ಆಡಿದ ಹಾಗೇ ಬರೆಯಿರಿ. ಮಾತು ಮುಗಿಯುವ ಮೊದಲೇ ತಮಾಷೆ ಬರಹದಲ್ಲಿ ಕಾಣದ ಹಾಗೆ ಸಾಲು ಒಡೆಯಿರಿ.

ಮೊದಲು ಯಾವುದು ನೋಡಲಿ?

'ವಿಂಡಿ ಡೇ', ಆಮೇಲೆ 'ಡೌನ್ ಅಂಡ್ ಔಟ್', ಆಮೇಲೆ 'ಟಾಂಕೋ ಬೋಲೆ ಛೇ'. ನಗಬೇಕು ಅನಿಸಿದ ದಿನ 'ಕ್ರೀಚರ್ ಕಂಫರ್ಟ್ಸ್'. ಪ್ರತಿಯೊಂದನ್ನೂ ಎರಡು ಸಲ ನೋಡಿ, ಮೊದಲ ಸಲ ಕಣ್ಣು ಮುಚ್ಚಿ ಬರೀ ದನಿ ಕೇಳಿ. ನೀವಾಗಿದ್ದರೆ ಏನು ಬರೆಯುತ್ತಿದ್ದಿರಿ ಅಂತ ಒಂದು ಚೀಟಿಯಲ್ಲಿ ಗೀಚಿಕೊಳ್ಳಿ. ಆಮೇಲೆ ಕಣ್ಣು ಬಿಟ್ಟು ನೋಡಿ, ಅವರು ಬೇರೆ ಏನು ಮಾಡಿದ್ದಾರೆ, ಯಾಕೆ ಮಾಡಿರಬಹುದು ಅಂತ ಹೋಲಿಸಿ.